ಎರಡು ಜಗ್ಗು

ರಾಜಗೋಪಾಲನಗರ, ಬೆಂಗಳೂರು
ಏಪ್ರಿಲ್ 8, 2025

ಚಿರಂಜೀವಿ ಈರೇಶನಿಗೆ,

ಆಶೀರ್ವಾದವನ್ನು ಕೊನೆಗೆ ಬರೆಯುತ್ತೇನೆ. ಮೊದಲು ಸಿಟ್ಟು ಬರೆದು ಮುಗಿಸಬೇಕು.

ಭಾನುವಾರ ವಿಡಿಯೋ ಫೋನಿನಲ್ಲಿ ಊಟ, ಚಳಿ, ಕೆಲಸ ಎಲ್ಲ ಹೇಳಿ ಮುಗಿಸಿ, ಇಡುವ ಮುಂಚೆ ಒಂದು ಮಾತು ಅಂದೆಯಲ್ಲ: "ಯವ್ವಾ, ಇಲ್ಲೊಬ್ಬಾಕಿ ಸಮುದ್ರದಾಗ ಮುಳುಗ್ತಾಳ. ಆಕಿ ಹಗ್ಗ ನಾ ಹಿಡೀತೀನಿ." ಆಗ ನನ್ನ ಪಕ್ಕದಲ್ಲಿ ಓನರಮ್ಮ ಚಿಕ್ಕಮುನಿಯಮ್ಮ ಕೂತಿದ್ದರು. ಹಿಂದೆ ಅವರ ಸೊಸೆ ನಿಂತಿದ್ದಳು. ನಾನು ಹೂಂ ಅಂದು ಫೋನ್ ಇಟ್ಟುಬಿಟ್ಟೆ. ಇಟ್ಟಮೇಲೆ ಅಡುಗೆಗೆ ಎದ್ದೆ. ಅನ್ನಕ್ಕೆ ಇಟ್ಟ ನೀರಿಗೆ ಎರಡು ಸಲ ಉಪ್ಪು ಹಾಕಿದೆ.

ನೀನು ಹೋದದ್ದು ದೋಣಿಯ ಇಂಜಿನ್ ರಿಪೇರಿ ಕೆಲಸಕ್ಕೆ. ಪೀಣ್ಯದಲ್ಲಿ ಐದು ವರ್ಷ ಲೇತಿನ ಮುಂದೆ ನಿಂತು, ರಾತ್ರಿ ಕೂತು ಜಪಾನಿ ಭಾಷೆ ಕಲಿತು, ಪರೀಕ್ಷೆ ಪಾಸು ಮಾಡಿ ಹೋದೆ. ಇಂಜಿನ್ ರಿಪೇರಿಯಲ್ಲಿ ಹಗ್ಗ ಎಲ್ಲಿಂದ ಬಂತು? ಹಾವು ಕಚ್ಚಿದವನು ಹಗ್ಗ ಕಂಡರೂ ಹೆದರುತ್ತಾನೆ ಅನ್ನುತ್ತಾರೆ. ನಮ್ಮ ಮನೆಗೆ ಹಾವು ಯಾವುದೂ ಕಚ್ಚಲಿಲ್ಲ, ಆದದ್ದೆಲ್ಲ ಹಗ್ಗದಿಂದಲೇ. ನಿಮ್ಮಪ್ಪ ಹೂಳು ತೆಗೆಯಲು ಇಳಿದು ಬಾವಿಯಲ್ಲೇ ಹೋದಮೇಲೆ ಹನ್ನೊಂದು ವರ್ಷ ನೀನು ಬಟ್ಟೆ ಒಣಹಾಕುವ ಹಗ್ಗವನ್ನೂ ಕಟ್ಟಿಕೊಡಲಿಲ್ಲ. ನಾನು ಕೇಳಲೂ ಇಲ್ಲ. ಈಗ ಯಾರೋ ಗುರುತಿಲ್ಲದ ಹೆಣ್ಣುಮಗಳ ಜೀವ ಕೈಯಲ್ಲಿ ಹಿಡಿದು ಕೂತಿದ್ದೀಯ.

ಇದನ್ನು ಫೋನಿನಲ್ಲಿ ಹೇಳಬೇಡ. ಫೋನಿನಲ್ಲಿ ನೀನು ಎಲ್ಲದಕ್ಕೂ ಆರಾಮ ಅನ್ನುತ್ತೀಯ. ಕಾಗದದ ಮೇಲೆ ಬರಿ. ಏಳನೇ ಕ್ಲಾಸು ಓದಿದವಳು ನಾನು, ನಿನ್ನ ಕೋಳಿಕಾಲು ಅಕ್ಷರವನ್ನೂ ಓದಬಲ್ಲೆ. ಬರೆಯುವಾಗ ಸುಳ್ಳು ಹೇಳುವುದು ಕಷ್ಟ, ಕೈ ನೋಯುತ್ತದೆ. ಅವಳು ಯಾರು, ಹಗ್ಗ ಯಾಕೆ, ನಿನ್ನ ಮನಸ್ಸಿನಲ್ಲಿ ಏನಿದೆ, ಮೂರನ್ನೂ ಬರಿ.

ನಿನ್ನ ಹೊಟ್ಟೆ ತಣ್ಣಗಿರಲಿ.

ನಿನ್ನ ಅವ್ವ,
ಮಲಕವ್ವ

—

ಶಿರಾಇಸೊ, ಜಪಾನ್
ಏಪ್ರಿಲ್ 27, 2025

ಅವ್ವನಿಗೆ ಈರೇಶನ ನಮಸ್ಕಾರ.

ನಿನ್ನ ಪತ್ರ ಹದಿನಾರು ದಿನಕ್ಕೆ ಬಂತು. ವರ್ಕ್‌ಶಾಪಿನಲ್ಲಿ ಎಲ್ಲರೂ ಅದನ್ನು ಕೈಯಿಂದ ಕೈಗೆ ಕೊಟ್ಟು ನಮ್ಮ ಅಕ್ಷರ ನೋಡಿದರು. ಒಬ್ಬ ಮುದುಕ ಇದು ಬಳ್ಳಿಯ ಚಿತ್ರವೋ ಬರಹವೋ ಎಂದು ಕೇಳಿದ. ಒಳಗಿರುವುದು ಬೈಗುಳ ಎಂದು ಹೇಳಲು ಹೋಗಲಿಲ್ಲ.

ಅವಳ ಹೆಸರು ಚಿನಾಮಿ. ಇಪ್ಪತ್ತೊಂಬತ್ತು ವರ್ಷ, ನನಗಿಂತ ಎರಡು ವರ್ಷ ದೊಡ್ಡವಳು. ಈ ಊರಿನಲ್ಲಿ ಹೆಂಗಸರೇ ಸಮುದ್ರಕ್ಕೆ ಮುಳುಗುವುದು. ಬೆನ್ನ ಮೇಲೆ ಗಾಳಿಯ ಸಿಲಿಂಡರ್ ಇಲ್ಲ, ಒಂದೇ ಉಸಿರು, ಒಂದು ನಿಮಿಷದೊಳಗೆ ಕೆಳಗೆ ಹೋಗಿ ಮೇಲೆ ಬರಬೇಕು. ಹಿಂದಿನ ಕಾಲದಲ್ಲಿ ಮುತ್ತಿನ ಚಿಪ್ಪು ತರುತ್ತಿದ್ದರಂತೆ. ಈಗ ಮುತ್ತಿನ ಚಿಪ್ಪನ್ನು ತೆಪ್ಪದ ಕೆಳಗೆ ಬುಟ್ಟಿಗಳಲ್ಲಿ ತೂಗುಹಾಕಿ ಸಾಕುತ್ತಾರೆ. ಗಾಳಿಗೆ ಬುಟ್ಟಿ ಕಡಿದುಕೊಂಡು ತಳಕ್ಕೆ ಬಿದ್ದರೆ ತರುವವರು ಇವರೇ. ಉಳಿದ ದಿನ ಬಂಡೆಗೆ ಅಂಟಿಕೊಂಡ ದೊಡ್ಡ ತಿನ್ನುವ ಚಿಪ್ಪು ಕಿತ್ತು ತರುತ್ತಾರೆ. ಮುಳುಗುವವರಲ್ಲಿ ಹೆಚ್ಚಿನವರಿಗೆ ಅರವತ್ತು ದಾಟಿದೆ. ಚಿನಾಮಿಯ ತಾಯಿ ಫುಸಾಎಗೆ ಅರವತ್ತಾರು. ಇನ್ನೂ ಮುಳುಗುತ್ತಾಳೆ, ಮೇಲೆ ಬಂದು ನನಗೆ ಬೈಯುತ್ತಾಳೆ. ಅವಳ ಮಾತಿನ ಧಾಟಿ ನಮ್ಮ ಕುಷ್ಟಗಿ ಅಜ್ಜಿಯದೇ. ಅದಕ್ಕೆ ಅವಳ ಮಾತನ್ನು ನಮ್ಮ ಮಾತಿನಲ್ಲೇ ಬರೆಯುತ್ತೇನೆ.

ಮುಳುಗುವವಳ ನಡುವಿಗೆ ಹಗ್ಗ ಕಟ್ಟಿರುತ್ತದೆ. ದೋಣಿಯಲ್ಲಿ ಒಬ್ಬ ಅದರ ಇನ್ನೊಂದು ತುದಿ ಹಿಡಿದು, ಅವಳು ಜಗ್ಗಿದಾಗ ರಾಟೆಯ ಮೇಲೆ ಎಳೆಯಬೇಕು. ಚಿನಾಮಿಯ ಅಪ್ಪ ನಲವತ್ತು ವರ್ಷ ಆ ಕೆಲಸ ಮಾಡಿದವನು. ಮಾರ್ಚಿನಲ್ಲಿ ಅವನಿಗೆ ಲಕ್ವ ಹೊಡೆದು ಬಲಗೈ ಬಿದ್ದುಹೋಯಿತು. ನಾನು ಅವರ ಇಂಜಿನ್ ರಿಪೇರಿಗೆ ಹೋಗಿದ್ದೆ. ಚಿನಾಮಿ ದೋಣಿಯಲ್ಲಿ ಸುಮ್ಮನೆ ಕೂತಿದ್ದಳು. ಒಂದು ವಾರ ಹಿಡಿದುಕೊಡಲೇ ಎಂದು ನಾನೇ ಕೇಳಿದೆ. ಅವಳು ತುಂಬ ಹೊತ್ತು ನನ್ನ ಮುಖ ನೋಡಿ, ಸರಿ ಎಂದಳು. ಮೊದಲ ದಿನ ಹೇಗೆ ಹಿಡಿದೆ ಎಂದು ಬರೆದರೆ ನೀನು ಊಟ ಬಿಡುತ್ತೀಯ. ಅವಳು ಹನ್ನೆರಡು ಮೀಟರ್ ಕೆಳಗೆ ಇದ್ದಷ್ಟು ಹೊತ್ತು ನಾನೂ ಉಸಿರು ಕಟ್ಟಿದ್ದೆ. ಮೇಲೆ ಬಂದಾಗ ಅವಳಿಗಿಂತ ನಾನೇ ಜೋರಾಗಿ ಏದುಸಿರು ಬಿಟ್ಟೆ. ಅವಳು ನಕ್ಕಳು.

ಇನ್ನು ನನ್ನ ದಡ್ಡತನ ಕೇಳು. ಎರಡು ವಾರದ ನಂತರ ಮುಳುಗುವವರ ಸೊಸೈಟಿಯ ಹೆಂಗಸರು ವರ್ಕ್‌ಶಾಪಿಗೆ, ಇಲ್ಲಿ ಶುಭಕಾರ್ಯಕ್ಕೆ ಮಾಡುವ ಕೆಂಪು ಅನ್ನ ಕಳಿಸಿದರು. ಫುಸಾಎ ತನ್ನ ಗಂಡನ ಕೋಟು ತಂದು ನನಗೆ ತೊಡಿಸಿದಳು. ಮಾಲೀಕ ಮದುವೆ ಯಾವಾಗ ಎಂದು ಕೇಳಿದ. ಈ ಊರಿನಲ್ಲಿ ಹೆಣ್ಣಿನ ಹಗ್ಗವನ್ನು ಗಂಡ ಹಿಡಿಯಬೇಕು, ಇಲ್ಲವೇ ಅಪ್ಪ, ಅಣ್ಣತಮ್ಮ. ಹೊರಗಿನವನು ಹಿಡಿಯಲೇ ಎಂದು ಕೇಳಿದರೆ ಅದು ಹೆಣ್ಣು ಕೇಳಿದಂತೆ. ಅವಳು ಸರಿ ಎಂದದ್ದು ಅದಕ್ಕೆ. ನಾನು ಕೇಳಿದ್ದು ಒಂದು ವಾರದ ಸಹಾಯಕ್ಕೆ. ಇಡೀ ಊರಿಗೆ ಗೊತ್ತಿದ್ದ ನನ್ನ ಮದುವೆ ನನಗೊಬ್ಬನಿಗೆ ಗೊತ್ತಿರಲಿಲ್ಲ.

ಹೋಗಿ ತಪ್ಪಾಯಿತು ಎಂದು ಹೇಳಬೇಕೆಂದು ಹೊರಟೆ. ಅವಳ ಮನೆ ಬಾಗಿಲಿಗೆ ಹೋಗುವಷ್ಟರಲ್ಲಿ ತಪ್ಪಾಗಿಲ್ಲ ಎಂದು ನನಗೆ ಗೊತ್ತಾಗಿತ್ತು. ಅವ್ವ, ನನಗೆ ಅವಳು ಬೇಕು. ಮೂರನೇ ಪ್ರಶ್ನೆಗೆ ಇದೇ ಉತ್ತರ.

ನಿನ್ನ
ಈರೇಶ

—

ರಾಜಗೋಪಾಲನಗರ
ಮೇ 15, 2025

ಈರೇಶನಿಗೆ,

ನಿನ್ನ ಪತ್ರವನ್ನು ಫ್ಯಾಕ್ಟರಿಗೆ ಒಯ್ದು ಊಟದ ಹೊತ್ತಿನಲ್ಲಿ ಓದಿದೆ. ನನ್ನ ಕೆಲಸ ಗೊತ್ತಲ್ಲ, ರಬ್ಬರ್ ವಾಷರನ್ನು ಬೆರಳಲ್ಲಿ ಸವರಿ ಎಲ್ಲಿ ಸೀಳಿದೆ ಎಂದು ನೋಡುವುದು. ಅವತ್ತು ಮಧ್ಯಾಹ್ನ ಸೀಳಿದ್ದನ್ನೂ ಒಳ್ಳೆಯದರ ಡಬ್ಬಿಗೆ ಹಾಕಿದೆನಂತೆ. ಎಂಟು ವರ್ಷದಲ್ಲಿ ಮೊದಲ ಸಲ ಬೈಸಿಕೊಂಡೆ.

ಅವಳು ಬೇರೆ ದೇಶದವಳು, ಬೇರೆ ಜಾತಿಯವಳು, ಎರಡು ವರ್ಷ ದೊಡ್ಡವಳು. ನಿಮ್ಮ ಬಸಲಿಂಗ ಮಾವನಿಗೆ ಏನು ಹೇಳಲಿ ಎಂದು ಒಂದು ರಾತ್ರಿ ಯೋಚಿಸಿದೆ. ಬೆಳಗಾಗುವಷ್ಟರಲ್ಲಿ ಅವೆಲ್ಲ ಸಣ್ಣವು ಅನ್ನಿಸಿದವು. ರೊಟ್ಟಿ ತಿನ್ನದಿದ್ದರೆ ಅನ್ನ ಮಾಡಿ ಹಾಕುತ್ತೇನೆ. ಮಾತು ಬರದಿದ್ದರೆ ಜಗಳವಾದರೂ ಕಡಿಮೆಯಾಗುತ್ತದೆ.

ಹಗ್ಗ ಮಾತ್ರ ಬಿಡು. ಅವಳನ್ನು ಮದುವೆಯಾಗು, ಕರೆದುಕೊಂಡು ಬಾ, ಪೀಣ್ಯದಲ್ಲಿ ನಿನಗೆ ಕೆಲಸ ಕೊಡುವವರು ಹತ್ತು ಜನ ಇದ್ದಾರೆ. ಅವಳು ಮುಳುಗುವುದು ಬೇಡ, ನೀನು ಹಿಡಿಯುವುದು ಬೇಡ. ಹಿಡಿಯುವವನ ಸಂಕಟ ಮುಳುಗುವವರಿಗೆ ಗೊತ್ತಾಗುವುದಿಲ್ಲ. ಕೆಳಗೆ ಏನಾಗುತ್ತಿದೆ ಎಂದು ಕಾಣುವುದಿಲ್ಲ. ಕೇಳಿಸುವುದಿಲ್ಲ. ಅಂಗೈಗೆ ಏನು ತಿಳಿಯಿತೋ ಅಷ್ಟೇ. ಅದು ಸರಿಯೋ ತಪ್ಪೋ ಹೇಳುವವರು ಯಾರೂ ಇಲ್ಲ. ನಿನಗೆ ಇದು ಬೇಡ ಈರ್ಯಾ. ನಾನು ಕಾಲಿಗೆ ಬಿದ್ದು ಕೇಳುತ್ತೇನೆ ಎಂದು ತಿಳಿದುಕೋ.

ಇಲ್ಲಿ ಇನ್ನೊಂದು ತಲೆನೋವು ಶುರುವಾಗಿದೆ. ಬೋರ್‌ವೆಲ್ ಒಣಗಿದೆ. ವಠಾರದ ಅಂಗಳದ ಬಾವಿಯನ್ನು ಮತ್ತೆ ತೆಗೆಸುತ್ತಾರಂತೆ. ನಿಮ್ಮಪ್ಪ ಹೋದಮೇಲೆ ಅದರ ಮೇಲೆ ಕಲ್ಲುಚಪ್ಪಡಿ ಮುಚ್ಚಿ, ಸ್ಕೂಟರ್ ನಿಲ್ಲಿಸುತ್ತಿದ್ದರಲ್ಲ. ಚಿಕ್ಕಮುನಿಯಮ್ಮ ನನ್ನ ಬಾಗಿಲಿಗೆ ಬಂದು ತಲೆ ತಗ್ಗಿಸಿ ನಿಂತರು. "ಬ್ಯಾಡ ಬ್ಯಾಡ ಅಂತ ಅಂಗೇ ಬುಟ್ಟಿದ್ದೆ ಕಣಮ್ಮಿ. ಇಪ್ಪತ್ ಮನೆಗೆ ನೀರಿಲ್ದೆ ಏನ್ ಮಾಡಾಣ ಯೋಳು" ಅಂದರು. ಆ ಬಾವಿಯ ದೆಸೆಯಿಂದ ಹನ್ನೊಂದು ವರ್ಷ ನನಗೆ ಬಾಡಿಗೆ ಏರಿಸದ ಹೆಂಗಸು. ನಾನು ಬೇಡ ಅನ್ನಲು ಯಾರು?

ಬೇಗ ಬರಿ. ಹಗ್ಗ ಬಿಟ್ಟೆ ಎಂದು ಒಂದು ಸಾಲು ಬರೆದರೂ ಸಾಕು.

ಅವ್ವ,
ಮಲಕವ್ವ

—

ಶಿರಾಇಸೊ
ಜೂನ್ 3, 2025

ಅವ್ವನಿಗೆ,

ಹಗ್ಗ ಬಿಡು ಎಂದು ನೀನು ಬರೆದ ಪತ್ರ ಮೇ ಮೂವತ್ತಕ್ಕೆ ಬಂತು. ನಾಲ್ಕು ದಿನ ತಡವಾಗಿ.

ಚಿನಾಮಿ ಬದುಕಿದ್ದಾಳೆ. ಅದನ್ನು ಮೊದಲು ಬರೆಯುತ್ತೇನೆ, ಮುಂದಿನದನ್ನು ನಿಧಾನವಾಗಿ ಓದು.

ಮೇ ಇಪ್ಪತ್ತೈದರಂದು ಜೋರು ಗಾಳಿ ಬಂದು ಅವರ ತೆಪ್ಪದಿಂದ ನಲವತ್ತು ಮುತ್ತಿನ ಬುಟ್ಟಿ ಕಡಿದುಕೊಂಡು ಬಿದ್ದವು. ಮೂರು ವರ್ಷ ಸಾಕಿದ ಚಿಪ್ಪು. ಮರುದಿನ ಗಾಳಿ ನಿಂತಮೇಲೆ ನಾನು, ಚಿನಾಮಿ ಹೋದೆವು. ಅವಳು ಕೆಳಗೆ ಹೋಗಿ ಬುಟ್ಟಿಗೆ ಕೊಕ್ಕೆ ಹಾಕುವುದು, ಮೇಲೆ ಬರುವುದು, ಆಮೇಲೆ ಬೇರೆ ಹಗ್ಗದಲ್ಲಿ ನಾನು ಬುಟ್ಟಿ ಎಳೆಯುವುದು. ಹೀಗೆ ಹದಿನೈದು ಬುಟ್ಟಿ ಬಂದವು. ಒಂದೊಂದೂ ಕಪ್ಪು ಕೆಸರು ಮೆತ್ತಿಕೊಂಡು ಬಂತು. ಅವ್ವ, ಅದು ಬಾವಿ ಹೂಳಿನ ವಾಸನೆ. ಅಪ್ಪ ಕೆಳಗಿನಿಂದ ತುಂಬಿ ಕಳಿಸುತ್ತಿದ್ದ ಪುಟ್ಟಿಗೆ ಇದೇ ವಾಸನೆ ಇರುತ್ತಿತ್ತು. ಹನ್ನೆರಡನೇ ವಯಸ್ಸಿನಿಂದ ಪ್ರತಿ ಭಾನುವಾರ ನಾನು ಮೂಗಲ್ಲಿ ಹಿಡಿದ ವಾಸನೆ.

ನಮ್ಮ ಅಪ್ಪನ ಲೆಕ್ಕ ನಿನಗೆ ಗೊತ್ತು. ಒಂದು ಜಗ್ಗಿದರೆ ಎಳೆ. ಎರಡು ಜಗ್ಗಿದರೆ ಸಡಿಲ ಬಿಡು. ಈ ಮನೆಯವರ ಲೆಕ್ಕ ಉಲ್ಟಾ. ಇವರಿಗೆ ಎರಡು ಜಗ್ಗು ಅಂದರೆ ಎಳೆ. ಎರಡು ತಿಂಗಳು ನಾನು ಒಂದು ಸಲವೂ ತಪ್ಪಲಿಲ್ಲ. ಹದಿನಾರನೇ ಬುಟ್ಟಿಗೆ ಅವಳು ಹೋದಾಗ ಎರಡು ಜಗ್ಗು ಬಂತು. ನನ್ನ ಕೈ ಸಡಿಲ ಬಿಟ್ಟಿತು. ಎರಡು ಮಾರು ಬಿಟ್ಟೆ. ನಾನು ಏನೂ ಯೋಚಿಸಲಿಲ್ಲ. ಅಪ್ಪ ಕೆಳಗೆ ಇನ್ನಷ್ಟು ದೂರ ಹೋಗುತ್ತಿದ್ದಾನೆ ಎಂದು ಕೈ ತಿಳಿದುಕೊಂಡಿತು.

ಅವಳ ಕಾಲಿಗೆ ಬುಟ್ಟಿಯ ಹಗ್ಗ ಸುತ್ತಿತ್ತು. ಅದಕ್ಕೇ ಜಗ್ಗಿದ್ದಳು. ನಾನು ಬಿಟ್ಟ ಹಗ್ಗವೂ ಅದಕ್ಕೆ ಸೇರಿ ಸುತ್ತಿಕೊಂಡಿತು. ಸೊಂಟದ ಚಾಕುವಿನಿಂದ ಎರಡನ್ನೂ ಕೊಯ್ದು, ದೋಣಿಯಿಂದ ದೂರ ಎಲ್ಲೋ ಮೇಲೆದ್ದಳು. ಮುಖ ನೀಲಿಯಾಗಿತ್ತು, ಮೂಗಿನಿಂದ ರಕ್ತ. ನಾನು ನೀರಿಗೆ ಹಾರಿ ಹಿಡಿದುಕೊಂಡು ಬಂದೆ. ಎರಡು ದಿನ ಆಸ್ಪತ್ರೆಯಲ್ಲಿದ್ದಳು.

ಇಲ್ಲಿ ಯಾರೂ ನನ್ನನ್ನು ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು. ಚಿನಾಮಿ ಒಂದೇ ಮಾತು ಕೇಳಿದಳು, ಯಾಕೆ ಬಿಟ್ಟೆ ಎಂದು. ಅಪ್ಪನ ಸಾವಿನ ವಿಷಯ ಅವಳಿಗೆ ನಾನು ಹೇಳಿಯೇ ಇಲ್ಲ. ಉತ್ತರ ಸಿಕ್ಕಾಗ ಬಾ ಎಂದು ಕಳಿಸಿದಳು. ಎಂಟು ದಿನವಾಯಿತು, ಹೋಗಿಲ್ಲ. ಫುಸಾಎ ಹಗ್ಗವಿಲ್ಲದೆ ದಡದ ಹತ್ತಿರ ಒಬ್ಬಳೇ ಮುಳುಗುತ್ತಿದ್ದಾಳೆ.

ನೀನು ಎಂದೂ ಬಾಯಿಬಿಟ್ಟು ಅನ್ನದ ಮಾತನ್ನು ನಾನೇ ಬರೆಯುತ್ತೇನೆ. ಅವತ್ತು ಕ್ಲಾಸಿದೆ ಎಂದು ಸುಳ್ಳು ಹೇಳಿ ಗೆಳೆಯರ ಜೊತೆ ಸಿನಿಮಾಕ್ಕೆ ಹೋದೆ. ಬಾವಿಯ ಹತ್ತಿರ ನಾನಿರಲಿಲ್ಲ. ಹಗ್ಗ ಹಿಡಿಯದೆ ಅಪ್ಪನನ್ನು ಕಳೆದೆ. ಹಗ್ಗ ಹಿಡಿದು ಇವಳನ್ನು ಕಳೆಯುತ್ತಿದ್ದೆ. ನನ್ನಂಥವನು ಯಾರ ಹತ್ತಿರವೂ ಇರಬಾರದು. ಮಾಲೀಕನಿಗೆ ರಾಜೀನಾಮೆ ಕೊಡುತ್ತೇನೆ. ಕಾಗದಪತ್ರ ಮುಗಿಯಲು ಜುಲೈ ಕೊನೆಯಾಗುತ್ತದೆ. ಬರುತ್ತೇನೆ. ನೀನು ಕೇಳಿದ್ದೂ ಅದನ್ನೇ ಅಲ್ಲವೇ?

ಈರೇಶ

—

ರಾಜಗೋಪಾಲನಗರ
ಜೂನ್ 25, 2025

ನನ್ನ ಕಂದ ಈರ್ಯಾ,

ಈ ಪತ್ರವನ್ನು ಇಪ್ಪತ್ತೊಂದನೇ ತಾರೀಖು ಬರೆದು ಹರಿದೆ. ಇಪ್ಪತ್ಮೂರಕ್ಕೆ ಬರೆದದ್ದನ್ನು ಅಕ್ಕಿ ಡಬ್ಬಿಯಲ್ಲಿಟ್ಟೆ. ಇದು ಮೂರನೆಯದು.

ನೀನು ಬರುತ್ತೇನೆ ಎಂದು ಬರೆದದ್ದು ಓದಿ ನನಗೆ ಸಂತೋಷವಾಯಿತು. ಆ ಹುಡುಗಿ ಸಾಯುವಂತಾಗಿದ್ದಳು ಎಂದು ಓದಿದ ಮೇಲೂ ಸಂತೋಷವಾಯಿತು, ಎಂಥ ತಾಯಿ ನೋಡು. ಸುಮ್ಮನಿದ್ದರೆ ಸಾಕು, ಮಗ ಮನೆಗೆ ಬರುತ್ತಾನೆ. ಸುಮ್ಮನಿರುವುದು ನನಗೆ ರೂಢಿಯೂ ಆಗಿದೆ. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು ಅಂತಾರೆ. ಹನ್ನೊಂದು ವರ್ಷ ನಾನು ಒಂದು ಮಾತು ಆಡದೆ ಇಟ್ಟುಕೊಂಡೆ. ಅದು ಮುತ್ತೇನೂ ಆಗಲಿಲ್ಲ.

ಮೊನ್ನೆ ಶುಕ್ರವಾರ ಬಾವಿಯ ಚಪ್ಪಡಿ ತೆಗೆದರು. ಈಗಿನವರು ಜಾಣರು. ಮೊದಲು ಗಾಳಿ ಊದುವ ಮಷೀನು ಇಳಿಸಿದರು, ಆಮೇಲೆ ಒಳಗಿನ ಗಾಳಿ ಕೆಟ್ಟಿದೆಯೋ ಎಂದು ತೋರಿಸುವ ಸಣ್ಣ ಡಬ್ಬಿ ಬಿಟ್ಟರು, ಅದು ಕೂಗಲಿಲ್ಲ ಎಂದಮೇಲೆ ಒಬ್ಬ ಇಳಿದ. ಹಗ್ಗ ಹಿಡಿದವನು ಮೊಬೈಲಿನಲ್ಲಿ ಮಾತಾಡುತ್ತ ನಿಂತಿದ್ದ. ನಾನು ಹೋಗಿ ಅವನ ಕೈಯಿಂದ ಮೊಬೈಲು ಕಿತ್ತುಕೊಂಡೆ. ಎಲ್ಲರೂ ನೋಡಿದರು. ನನಗೆ ಅಲ್ಲೇ ಕಣ್ಣು ಕತ್ತಲೆ ಬಂತು. ಚಿಕ್ಕಮುನಿಯಮ್ಮ ಒಳಗೆ ಕರೆದೊಯ್ದು ಮಲಗಿಸಿದರು. ಬಾಗಿಲು ಹಾಕಿ ಅವರಿಗೆ ಮೊದಲು ಹೇಳಿದೆ. ಈಗ ನಿನಗೆ ಹೇಳುತ್ತೇನೆ.

ಅವತ್ತು ನೀನು ಇರಲಿಲ್ಲ. ಯಾವಾಗಲೂ ಅಪ್ಪನ ನಡುವಿನ ಹಗ್ಗ ನಿನ್ನ ಕೈಯಲ್ಲಿ, ಹೂಳಿನ ರಾಟೆ ನನ್ನ ಕೈಯಲ್ಲಿ. ಅವತ್ತು ಎರಡೂ ನಾನೇ ಹಿಡಿದೆ. ನಾಳೆ ಮಾಡೋಣ ಎಂದು ನಾನು ಅಂದೆ, ಇವತ್ತೇ ಮುಗಿಯಬೇಕು ಎಂದು ನಿಮ್ಮಪ್ಪ ಇಳಿದರು. ಅದಕ್ಕೆ ನನಗೆ ಅವರ ಮೇಲೆ ಮುನಿಸೂ ಇತ್ತು.

ಹಗ್ಗ ಅಲ್ಲಾಡಿತು ಈರ್ಯಾ. ಪೊಲೀಸರು ಕೇಳಿದಾಗ ಅಲ್ಲಾಡಲೇ ಇಲ್ಲ ಎಂದೆ. ನಿಮ್ಮ ಮಾವನಿಗೂ ಹಾಗೇ ಹೇಳಿದೆ. ಅದು ಅಲ್ಲಾಡಿತು. ಎರಡು ಸಲ. ಎರಡು ಜಗ್ಗು ಎಂದು ನಾನು ಸಡಿಲ ಬಿಟ್ಟೆ. ಒಂದು ಮಾರು ಬಿಟ್ಟು, ನಿಂತು ಕಾದೆ. ಅವರು ಆ ಕಡೆ ಗೋಡೆಯ ಹೂಳು ತೆಗೆಯಲು ಹೋದರು ಅಂದುಕೊಂಡೆ. ಆಮೇಲೆ ಏನೂ ಬರಲಿಲ್ಲ. ಕೂಗಿದೆ. ಎಳೆದೆ. ನನ್ನೊಬ್ಬಳ ಕೈಲಿ ಆಗಲಿಲ್ಲ. ಜನ ಬರುವಷ್ಟರಲ್ಲಿ ಮುಗಿದಿತ್ತು.

ಅದು ಎರಡು ಜಗ್ಗು ಆಗಿರಲಿಲ್ಲ. ಒಂದು ಜಗ್ಗು, ನಾನು ಎಳೆಯಲಿಲ್ಲ ಎಂದು ಮತ್ತೆ ಒಂದು ಜಗ್ಗು. ಕೆಟ್ಟ ಗಾಳಿಗೆ ಕೈಯಲ್ಲಿ ಶಕ್ತಿ ಹೋಗಿತ್ತು, ಅದಕ್ಕೇ ಮೆಲ್ಲಗೆ ಬಂತು. ಮಣ್ಣು ಮಾಡಿ ಮೂರನೇ ದಿನ ಇದು ನನಗೆ ಹೊಳೆಯಿತು. ಹೊಳೆದದ್ದು ಸರಿಯೋ ತಪ್ಪೋ ಹೇಳಲು ಅವರಿಲ್ಲ.

ಅವತ್ತು ನೀನು ಓಡಿ ಬಂದು ನನ್ನ ಮಡಿಲಲ್ಲಿ ಬಿದ್ದು "ನಾ ಇದ್ದಿದ್ರ ಅಪ್ಪ ಉಳೀತಿದ್ದ ಯವ್ವಾ" ಅಂದೆ. ಹದಿನಾರು ವರ್ಷದ ಮಗ. ಇಲ್ಲಪ್ಪ, ನಿನ್ನ ತಪ್ಪಲ್ಲ, ಹಗ್ಗ ನನ್ನ ಕೈಯಲ್ಲಿತ್ತು ಎಂದು ನಾನು ಹೇಳಬೇಕಿತ್ತು. ಹೇಳಿದರೆ ನೀನು ನನ್ನನ್ನು ಬಿಟ್ಟು ಹೋಗುತ್ತೀಯ ಎಂದು ಹೆದರಿದೆ. ಗಂಡನೂ ಹೋದ, ಮಗನೂ ಹೋದರೆ ಏನು ಮಾಡಲಿ? ಅದಕ್ಕೆ ಸುಮ್ಮನೆ ತಲೆ ಸವರಿದೆ. ನಿನ್ನ ತಲೆಯ ಮೇಲೆ ನನ್ನ ತಪ್ಪನ್ನು ಇಟ್ಟು, ಅದರ ಮೇಲೇ ಸವರಿದೆ.

ಈಗ ಆ ಹುಡುಗಿ ಉತ್ತರ ಕೇಳಿದ್ದಾಳೆ. ಹೋಗಿ ಇದನ್ನು ಹೇಳು. ಅವಳು ಬದುಕಿದ್ದಾಳೆ, ಕೇಳಿಸಿಕೊಳ್ಳುತ್ತಾಳೆ. ನಿನಗೆ ಆ ಪುಣ್ಯ ಇದೆ. ಅವಳು ಮತ್ತೆ ಹಗ್ಗ ಕೊಟ್ಟರೆ ಹಿಡಿ. ಮನೆಗೆ ಬರಲೇಬೇಡ ಎಂದು ಬರೆಯಲು ನನಗೆ ಕೈ ಬರುವುದಿಲ್ಲ. ಆದರೆ ನನ್ನ ಸುಳ್ಳನ್ನು ನಂಬಿಕೊಂಡು ಬರಬೇಡ.

ಮಲಕವ್ವ

—

ರಾಜಗೋಪಾಲನಗರ
ಜುಲೈ 20, 2025

ಈರ್ಯಾ,

ಇಪ್ಪತ್ತೈದು ದಿನವಾಯಿತು. ಪೋಸ್ಟಾಫೀಸಿನ ಹುಡುಗಿ ಕಂಪ್ಯೂಟರಿನಲ್ಲಿ ನೋಡಿ, ನಿನ್ನ ಕೈಗೆ ಏಳನೇ ತಾರೀಖು ಸೇರಿದೆ ಎಂದಳು. ಫೋನಿಗೆ ಆರಾಮ ಎಂದು ಒಂದು ಮೆಸೇಜು ಬಂದಿದೆ, ಅಷ್ಟೇ. ನಾನು ಮಾಡಿದರೆ ಎತ್ತುವುದಿಲ್ಲ.

ಬೈದು ಬರಿ. ಅವ್ವ ಅಲ್ಲ ಎಂದು ಬೇಕಾದರೂ ಬರಿ. ಬರೆಯದೆ ಮಾತ್ರ ಇರಬೇಡ. ಬಾವಿಗೆ ನೀರು ಬಂದಿದೆ, ಎಲ್ಲರೂ ಸೇದುತ್ತಿದ್ದಾರೆ. ನನಗೆ ಕುಡಿಯಲು ಮನಸ್ಸಾಗಿಲ್ಲ. ಚಿಕ್ಕಮುನಿಯಮ್ಮ ದಿನವೂ ಸಂಜೆ ಬಂದು ಪತ್ರ ಬಂತಾ ಎಂದು ಕೇಳದೆ, ಸುಮ್ಮನೆ ಕೂತು ಎಲೆ ಅಡಿಕೆ ಹಾಕಿಕೊಂಡು ಹೋಗುತ್ತಾರೆ.

ಅವ್ವ

—

ಶಿರಾಇಸೊ
ಜುಲೈ 22, 2025

ಅವ್ವನಿಗೆ,

ಬರೆಯುವಾಗ ಸುಳ್ಳು ಹೇಳಬಾರದು ಎಂದವಳು ನೀನು. ಆದ್ದರಿಂದ ಇದ್ದದ್ದು ಬರೆಯುತ್ತೇನೆ. ನನಗೆ ಸಿಟ್ಟು ಬಂತು. ಅಪ್ಪನ ವಿಷಯಕ್ಕೆ ಅಲ್ಲ. ಆ ಸಿನಿಮಾದ ಹಾಡು ಎಲ್ಲಾದರೂ ಕೇಳಿದರೆ ಹನ್ನೊಂದು ವರ್ಷ ನನಗೆ ವಾಂತಿ ಬರುತ್ತಿತ್ತು. ನೀನು ಅದನ್ನು ನೋಡುತ್ತಿದ್ದೆ. ನೋಡಿ ನಿಂಬೆಹಣ್ಣಿನ ಶರಬತ್ತು ಮಾಡಿಕೊಡುತ್ತಿದ್ದೆ. ಆ ಸಿಟ್ಟು ಇನ್ನೂ ಪೂರ್ತಿ ಇಳಿದಿಲ್ಲ.

ಎಂಟು ದಿನ ಯಾರ ಜೊತೆಯೂ ಮಾತಾಡಲಿಲ್ಲ. ಒಂಬತ್ತನೇ ದಿನ ನಿನ್ನ ಪತ್ರ ತೆಗೆದುಕೊಂಡು ಚಿನಾಮಿಯ ಹತ್ತಿರ ಹೋದೆ. ದಡದ ಗುಡಿಸಲಿನಲ್ಲಿ ಬೆಂಕಿ ಹಾಕಿಕೊಂಡು ತಾಯಿ ಮಗಳು ಕೂತಿದ್ದರು. ನನಗೆ ಬರುವ ಅರ್ಧಂಬರ್ಧ ಭಾಷೆಯಲ್ಲಿ ಒಂದೊಂದೇ ಸಾಲು ಓದಿ ಹೇಳಿದೆ. ಬಾವಿಯ ಚಿತ್ರ ಬರೆದು ತೋರಿಸಿದೆ. ಒಂದು ಜಗ್ಗಿಗೆ ಏನು, ಎರಡಕ್ಕೆ ಏನು ಎಂದು ಬಿಡಿಸಿ ಹೇಳಿದೆ. ನೀನು ಸಡಿಲ ಬಿಟ್ಟ ಜಾಗಕ್ಕೆ ಬಂದಾಗ ನನಗೆ ಮುಂದೆ ಓದಲು ಆಗಲಿಲ್ಲ. ಚಿನಾಮಿ ಪತ್ರವನ್ನು ತನ್ನ ಕೈಗೆ ತೆಗೆದುಕೊಂಡು, ಓದಲು ಬಾರದ ಅಕ್ಷರದ ಮೇಲೆ ಬೆರಳಾಡಿಸಿದಳು. ಆಮೇಲೆ ಇನ್ನು ಮೇಲೆ ನಿಮ್ಮಪ್ಪನ ಲೆಕ್ಕವನ್ನೇ ನಾನು ಕಲಿಯುತ್ತೇನೆ, ನಿನ್ನ ಕೈ ಬದಲಾಗದಿದ್ದರೆ ನನ್ನ ಕೈ ಬದಲಾಗುತ್ತದೆ ಎಂದಳು. ನಾನು ಬೇಡವೆಂದೆ. ನೀರಿನ ಕೆಳಗೆ ಉಸಿರು ಮುಗಿಯುತ್ತಿರುವಾಗ ಹೊಸದಾಗಿ ಕಲಿತದ್ದು ಯಾರಿಗೆ ನೆನಪಾಗುತ್ತದೆ? ಇಬ್ಬರೂ ವಾದ ಮಾಡಿದೆವು.

ಫುಸಾಎ ಬೆಂಕಿಗೆ ಒಂದು ಕಟ್ಟಿಗೆ ಹಾಕಿದಳು. ಎದ್ದು ಬಂದು ಮಗಳ ಹಗ್ಗವನ್ನು ನನ್ನ ಮಡಿಲಿಗೆ ಹಾಕಿದಳು.

"ಒಂದು ಜಗ್ಗಿದ್ರೂ ಎಳಿ. ಎರಡು ಜಗ್ಗಿದ್ರೂ ಎಳಿ. ಹತ್ತು ಜಗ್ಗಿದ್ರೂ ಎಳಿ. ಹಗ್ಗ ಸಡಿಲ ಬೇಕಂದ್ರ ಆಕಿ ಮ್ಯಾಲ ಬಂದು ಬಾಯಿಲೆ ಕೇಳ್ಳಿ."

ಅಷ್ಟೇ ಅವ್ವ. ನಲವತ್ತು ವರ್ಷ ಗಂಡನ ಹಗ್ಗದಲ್ಲಿ ಮುಳುಗಿದವಳು ಅಂದ ಮಾತು. ಹೀಗೆ ಮಾಡಿದರೆ ಎಷ್ಟೋ ಸಲ ಸುಮ್ಮನೆ ಎಳೆದಂತಾಗುತ್ತದೆ, ಕೈಗೆ ಸಿಕ್ಕ ಚಿಪ್ಪು ತಪ್ಪಿಹೋಗುತ್ತದೆ. ಹೋದರೆ ಹೋಗಲಿ ಎಂದು ಚಿನಾಮಿ ಒಪ್ಪಿದಳು.

ನಿನ್ನೆ ಮತ್ತೆ ದೋಣಿಗೆ ಹೋದೆ. ಇಪ್ಪತ್ತೆರಡು ಸಲ ಮುಳುಗಿದಳು, ಇಪ್ಪತ್ತೆರಡು ಸಲ ಎಳೆದೆ. ನಾಲ್ಕು ಸಲ ಅವಳು ಜಗ್ಗಿರಲೇ ಇಲ್ಲ, ಅಲೆ ತಾಗಿ ಹಗ್ಗ ಅಲ್ಲಾಡಿದ್ದಕ್ಕೇ ಎಳೆದುಬಿಟ್ಟೆ. ಮೇಲೆ ಬಂದು ಬೈದಳು. ಅವಳು ಬೈಯುವುದು ಕೇಳುತ್ತ ನನಗೆ ಅಳು ಬಂತು, ಸಮುದ್ರದ ನೀರು ಎಂದು ಒರೆಸಿಕೊಂಡೆ.

ರಾಜೀನಾಮೆ ವಾಪಸು ತೆಗೆದುಕೊಂಡಿದ್ದೇನೆ. ಮುಳುಗುವ ಕಾಲ ಸೆಪ್ಟೆಂಬರಿಗೆ ಮುಗಿಯುತ್ತದೆ. ಅಕ್ಟೋಬರಿನಲ್ಲಿ ಮದುವೆ. ನೀನು ಬರಬೇಕು. ನನ್ನ ಸಿಟ್ಟು ಅಷ್ಟರಲ್ಲಿ ಇಳಿದಿರುತ್ತದೋ ಇಲ್ಲವೋ ಗೊತ್ತಿಲ್ಲ. ಇಳಿಯದಿದ್ದರೂ ಬಾ.

ನಿನ್ನ ಮಗ,
ಈರೇಶ

—

ರಾಜಗೋಪಾಲನಗರ
ಆಗಸ್ಟ್ 10, 2025

ಚಿರಂಜೀವಿ ಈರೇಶನಿಗೂ, ಚಿರಂಜೀವಿ ಸೌಭಾಗ್ಯವತಿ ಚಿನಾಮಿಗೂ ಆಶೀರ್ವಾದಗಳು.

ಈ ಸಲ ಆಶೀರ್ವಾದ ಮೊದಲೇ ಬರೆದೆ. ಅವಳಿಗೂ ಓದಿ ಹೇಳು.

ನಿನ್ನ ಪತ್ರ ಬಂದು ಮೂರು ದಿನವಾಯಿತು. ಸಿಟ್ಟು ಇಳಿದಿಲ್ಲ ಎಂದು ಬರೆದೆಯಲ್ಲ, ಅದು ಓದಿದಮೇಲೆ ಹೊಟ್ಟೆ ತುಂಬ ಉಂಡೆ. ಸಿಟ್ಟಿದ್ದವರು ಬಿಟ್ಟು ಹೋಗುವುದಿಲ್ಲ, ಎದುರಿಗೇ ಇರುತ್ತಾರೆ. ಇಟ್ಟುಕೋ, ಎಷ್ಟು ದಿನ ಬೇಕೋ ಅಷ್ಟು ದಿನ.

ಫುಸಾಎ ಹೇಳಿದ್ದನ್ನು ಚಿಕ್ಕಮುನಿಯಮ್ಮನಿಗೆ ಓದಿ ಹೇಳಿದೆ. ಅವರು "ಇಷ್ಟೇಯಾ" ಅಂದರು. ಅಂದು ಸೆರಗು ಬಾಯಿಗೆ ಇಟ್ಟುಕೊಂಡರು. ಇಷ್ಟೇ. ಎಷ್ಟು ಜಗ್ಗಿದರೂ ಎಳೆ. ನಿಮ್ಮಪ್ಪನೂ ನಾನೂ ಹದಿನೆಂಟು ವರ್ಷ ಒಟ್ಟಿಗೆ ಬಾವಿ ಕೆಲಸ ಮಾಡಿದೆವು. ಎಷ್ಟು ಮಾತಾಡಿದೆವು, ಎಷ್ಟು ಜಗಳವಾಡಿದೆವು. ಇಷ್ಟು ಸಣ್ಣ ಮಾತು ನಮ್ಮಿಬ್ಬರಿಗೂ ಹೊಳೆಯಲಿಲ್ಲ. ಹೊಳೆದಿದ್ದರೆ ನಿನ್ನ ಮದುವೆಗೆ ಅವರೂ ಹೊರಡುತ್ತಿದ್ದರು.

ಪಾಸ್‌ಪೋರ್ಟಿಗೆ ಅರ್ಜಿ ಹಾಕಿದ್ದೇನೆ. ಮೊನ್ನೆ ಪೊಲೀಸಿನವರು ವಿಚಾರಣೆಗೆ ಬಂದು, ಗಂಡ ಹೇಗೆ ಸತ್ತರು ಎಂದು ಕೇಳಿದರು. ಬಾವಿಯಲ್ಲಿ ಹೂಳು ತೆಗೆಯುವಾಗ, ಹಗ್ಗ ನಾನು ಹಿಡಿದಿದ್ದೆ ಎಂದೆ. ಅಷ್ಟೆಲ್ಲ ಬೇಡಮ್ಮ ಎಂದು ಅವರು ಎರಡೇ ಪದ ಬರೆದುಕೊಂಡು ಹೋದರು.

ನಾನು ಅಲ್ಲಿಗೆ ಬಂದಾಗ ಒಂದು ಆಸೆ ಇದೆ. ಮುಳುಗುವ ಕಾಲ ಅಷ್ಟರಲ್ಲಿ ಮುಗಿದಿರುತ್ತದೆ ಎಂದು ಬರೆದಿದ್ದೀಯ. ಚಿಪ್ಪಿಗಾಗಿ ಬೇಡ, ಸುಮ್ಮನೆ ಒಂದು ಸಲ, ನೀರು ಹೆಚ್ಚು ಆಳ ಇಲ್ಲದ ಕಡೆ. ಚಿನಾಮಿ ಮುಳುಗಲಿ, ಹಗ್ಗ ನನ್ನ ಕೈಗೆ ಕೊಡಿ. ನೀನು ನನ್ನ ಹಿಂದೆ ನಿಂತು ಹಿಡಿದುಕೊಂಡಿರು. ಅವಳು ಜಗ್ಗಿದ ತಕ್ಷಣ ನಾನು ಎಳೆಯುತ್ತೇನೆ. ಕೆಳಗೆ ಹೋದವರು ನನ್ನ ಕೈಯಲ್ಲಿ ಒಂದು ಸಲ ಮೇಲೆ ಬರಬೇಕು.

ಅವಳಿಗೆ ಹೆದರಿಕೆ ಇದ್ದರೆ ಬೇಡ, ನನಗೆ ಬೇಜಾರಿಲ್ಲ. ಕೇಳಿ ತಿಳಿಸು.

ನಿಮ್ಮ ಅವ್ವ,
ಮಲಕವ್ವ